ಪಕ್ಕದವರು ಬೇಲಿ ಒತ್ತಿದರೆ: ಸ್ವಾಧೀನ ಬೇರೆ, ಹಕ್ಕು ಬೇರೆ

ಬೇಲಿ ಎರಡಡಿ ಒಳಗೆ ಬಂದಿದೆ ಅಂತ ಗೊತ್ತಾದ ದಿನ ಜಗಳಕ್ಕೆ ಹೋಗಬೇಡಿ, ಮೊದಲು ಫೋಟೋ ತೆಗೆಯಿರಿ. ಆಮೇಲೆ ಒಂದೇ ಪ್ರಶ್ನೆ: ಈಗ ಆ ಜಾಗ ಯಾರ ಕೈಯಲ್ಲಿದೆ? ಯಾವ ದಾವೆ ಹಾಕಬೇಕು ಅನ್ನೋದು ಇದರ ಮೇಲೇ ನಿಂತಿದೆ.

ಜಾಗ ನಿಮ್ಮ ಸ್ವಾಧೀನದಲ್ಲೇ ಇದ್ದು, ಪಕ್ಕದವರು ಸುಮ್ನೆ ಕಾಟ ಕೊಡುತ್ತಿದ್ದರೆ ಶಾಶ್ವತ ತಡೆಯಾಜ್ಞೆ ಕೇಳಿದರೆ ಸಾಕು. ಆದರೆ ಅವರೂ ಒಂದು ಕ್ರಯಪತ್ರ ಹಿಡಿದು 'ಇದು ನಂದು' ಅಂದರೆ ಬರೀ ತಡೆಯಾಜ್ಞೆ ನಿಲ್ಲುವುದು ಕಷ್ಟ, ಹಕ್ಕು ಘೋಷಣೆಯನ್ನೂ, ಅಂದರೆ ಜಾಗ ನಿಮ್ಮದೇ ಅಂತ ಕೋರ್ಟ್ ಸಾರಬೇಕು ಅಂತಲೂ, ಕೇಳಬೇಕು. ಜಾಗ ಆಗಲೇ ಕೈತಪ್ಪಿದ್ದರೆ ಜೊತೆಗೆ ಸ್ವಾಧೀನವನ್ನೂ. 2008ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿದೆ.

ಬಲವಂತವಾಗಿ ಹೊರಹಾಕಿದರೆ 6 ತಿಂಗಳೊಳಗೆ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಂ ಕೆಳಗೆ ಹೋಗಿ. ಅಲ್ಲಿ ಹಕ್ಕು ಯಾರದು ಅನ್ನೋ ಮಾತೇ ಬರುವುದಿಲ್ಲ. ತಡವಾದರೆ ಹಕ್ಕಿನ ದಾವೆಯೇ ದಾರಿ, ಅದೂ ಅವರ ಪ್ರತಿಕೂಲ ಸ್ವಾಧೀನಕ್ಕೆ (ನಿಮ್ಮ ಹಕ್ಕಿಗೆ ವಿರುದ್ಧವಾಗಿ ಬಹಿರಂಗವಾಗಿ ಜಾಗ ಹಿಡಿದಿಟ್ಟುಕೊಳ್ಳುವುದಕ್ಕೆ) 12 ವರ್ಷ ತುಂಬುವ ಮೊದಲು.

ಪಹಣಿ ನನ್ನ ಹೆಸರಲ್ಲಿದೆ, ಸಾಕಲ್ವಾ? ಸಾಲದು. ಪಹಣಿ, ಕಂದಾಯ ರಸೀದಿ ಸ್ವಾಧೀನಕ್ಕೆ ಆಧಾರ ಅಷ್ಟೇ, ಹಕ್ಕಿಗೆ ಕ್ರಯಪತ್ರ, ವಿಭಾಗಪತ್ರದಂಥವು ಬೇಕು. ಗಡಿ ತಕರಾರಿಗೆ ಹದ್ದುಬಸ್ತು ಅಳತೆ, ಅಂದರೆ ಜಮೀನಿನ ಗಡಿ ಗುರುತಿಸುವ ಸರ್ವೆ, ಮಾಡಿಸಿ. ದಾವೆಯಲ್ಲಿ ಚಕ್ಕುಬಂದಿ (ಜಾಗದ ನಾಲ್ಕು ದಿಕ್ಕಿನ ಗಡಿ ವಿವರ) ತಪ್ಪಾದರೆ ಗೆದ್ದ ಡಿಕ್ರಿಯೂ (ಕೋರ್ಟಿನ ಆದೇಶವೂ) ಜಾರಿಯಾಗದೆ ಕೂರಬಹುದು, ಹಾಗಾಗಿ ಪೂರ್ವಕ್ಕೆ ಯಾರ ಜಮೀನು, ಪಶ್ಚಿಮಕ್ಕೆ ಯಾವುದು ಅಂತ ಸಹಿ ಹಾಕುವ ಮುಂಚೆ ನೀವೇ ಓದಿ ನೋಡಿ.