ಗ್ರಾಮ ಪಂಚಾಯ್ತಿಯಿಂದ ದಿಲ್ಲಿಗೆ: ರಾಜಕೀಯಕ್ಕೆ ಇಳಿಯೋರು ಎಲ್ಲಿಂದ ಶುರು ಮಾಡಬೇಕು?

ಚುನಾವಣೆ ಹತ್ತಿರ ಬಂದಾಗ ಫ್ಲೆಕ್ಸ್ ಹಾಕಿಸಿ, ಕೈ ಮುಗಿದುಕೊಂಡು ನಿಂತರೆ ರಾಜಕಾರಣಿ ಆದಂತೆ ಅಂತ ಸುಮಾರು ಜನ ಅಂದುಕೊಂಡಿದ್ದಾರೆ. ಹಾಗಿಲ್ಲ. ನಿಮಗೆ ನಿಜವಾಗಿ ಈ ಕಡೆ ಬರಬೇಕು ಅಂತಿದ್ದರೆ ಮೊದಲು ಊರಿನ ಹಾಲಿನ ಡೇರಿಗೆ, ಅಂದರೆ ಹಾಲಿನ ಸಹಕಾರ ಸಂಘಕ್ಕೆ ಹೋಗಿ.

ತಮಾಷೆ ಮಾಡುತ್ತಿಲ್ಲ. ಎಚ್.ಡಿ. ದೇವೇಗೌಡರನ್ನೇ ನೋಡಿ. ಹೊಳೆನರಸೀಪುರ ತಾಲ್ಲೂಕಿನ ಹರದನಹಳ್ಳಿಯವರು, ಓದಿದ್ದು ಸಿವಿಲ್ ಎಂಜಿನಿಯರಿಂಗ್ ಡಿಪ್ಲೊಮಾ. ವಿಧಾನಸಭೆಗೆ ಹೋಗುವ ಮೊದಲು ಅಲ್ಲಿನ ಆಂಜನೇಯ ಸಹಕಾರ ಸಂಘದ ಅಧ್ಯಕ್ಷರಾಗಿದ್ದರು, ತಾಲ್ಲೂಕು ಅಭಿವೃದ್ಧಿ ಮಂಡಳಿಯ ಸದಸ್ಯರಾಗಿದ್ದರು. 1962ರಲ್ಲಿ ಪಕ್ಷೇತರರಾಗಿ ನಿಂತು ಗೆದ್ದರು. ಸಹಕಾರ ಸಂಘದಲ್ಲಿ ಕೂತವನಿಗೆ ಯಾರ ಮನೆಯಲ್ಲಿ ಸಾಲ ಇದೆ, ಯಾರ ಪಹಣಿಯಲ್ಲಿ ಹೆಸರು ತಪ್ಪಾಗಿದೆ, ಯಾರಿಗೆ ಯಾರ ಜತೆ ಮಾತಿಲ್ಲ, ಇದೆಲ್ಲ ಗೊತ್ತಿರುತ್ತದೆ. ಇವತ್ತಿಗೂ ಹಾಲಿನ ಸಂಘ, ರೈತರಿಗೆ ಸಾಲ ಕೊಡುವ ಸಹಕಾರ ಸಂಘವಾದ ವಿಎಸ್‌ಎಸ್‌ಎನ್, ಆಮೇಲೆ ಡಿಸಿಸಿ (ಜಿಲ್ಲಾ ಸಹಕಾರ ಕೇಂದ್ರ) ಬ್ಯಾಂಕು ಅನ್ನೋ ದಾರಿ ನಮ್ಮಲ್ಲಿ ಗಟ್ಟಿಯಾಗಿಯೇ ಇದೆ.

ಮುಂದಿನದು ಗ್ರಾಮ ಪಂಚಾಯ್ತಿ. 21 ವರ್ಷ ತುಂಬಿರಬೇಕು, ಆ ಪಂಚಾಯ್ತಿಯ ಮತದಾರರ ಪಟ್ಟಿಯಲ್ಲಿ ಹೆಸರು ಇರಬೇಕು. ಕರ್ನಾಟಕದಲ್ಲಿ ಇದಕ್ಕೆ ಪಕ್ಷದ ಚಿಹ್ನೆ ಇಲ್ಲ. ಆದರೆ ಯಾರು ಯಾವ ಪಕ್ಷ ಅಂತ ಊರಿಗೆಲ್ಲ ಗೊತ್ತಿರುತ್ತದೆ, ಬಿಡಿ. ಸುಮಾರು 400 ಜನಸಂಖ್ಯೆಗೆ ಒಬ್ಬ ಸದಸ್ಯ. ಒಂದೇ ವಾರ್ಡಿನಲ್ಲಿ ಎರಡು ಮೂರು ಸ್ಥಾನ ಇರುವುದೂ ಉಂಟು, ಆಗ ಮತದಾರನಿಗೂ ಅಷ್ಟೇ ಓಟು. ಇದನ್ನು ಮರೆಯಬೇಡಿ, ಯಾಕೆಂದರೆ ಎದುರಾಳಿಗೆ ಹಾಕುವವನು ಕೂಡ ತನ್ನ ಎರಡನೇ ಓಟನ್ನು ನಿಮಗೆ ಹಾಕಬಹುದು. ಯಾರ ಜತೆಗೂ ಜಗಳ ಬೇಡ ಅನ್ನೋದು ಇದಕ್ಕೇ.

2020ರ ಡಿಸೆಂಬರಿನಲ್ಲಿ ನನ್ನ ಗೆಳೆಯನೊಬ್ಬ ನಿಂತಿದ್ದ. ಮತದಾರರ ಪಟ್ಟಿಯ ಪ್ರತಿ ಹೆಸರಿನ ಮುಂದೆ ಪೆನ್ಸಿಲಿನಲ್ಲಿ ಗುರುತು ಹಾಕಿದ್ದೆವು: ನಮ್ಮದಕ್ಕೆ ಟಿಕ್, ಅವರದಕ್ಕೆ ಗೀಟು, ಬೆಂಗಳೂರಿನಲ್ಲಿ ಇರೋರಿಗೆ 'ಬೆಂ', ತೀರಿಕೊಂಡವರಿಗೆ ಸೊನ್ನೆ. ಕೊನೆಗೆ ಲೆಕ್ಕ ಹಾಕಿದರೆ ಗೆಲ್ಲೋದು ಸೋಲೋದು 'ಬೆಂ' ಅಂತ ಬರೆದ ನಲವತ್ತು ಚಿಲ್ಲರೆ ಹೆಸರಿನ ಮೇಲೆ ನಿಂತಿತ್ತು. ಒಬ್ಬೊಬ್ಬರಿಗೂ ಫೋನ್ ಮಾಡಿದೆವು. ಮೂರು ಜನ ಬರ್ತೀವಿ ಅಂದು ಬರಲಿಲ್ಲ. ಅವನು ಎರಡು ಓಟಿನಲ್ಲಿ ಸೋತ. ಆ ಪಟ್ಟಿ ಇನ್ನೂ ಅವನ ಬೀರುವಿನಲ್ಲಿದೆ.

ಮೀಸಲಾತಿ ಪಟ್ಟಿ ಬರುವವರೆಗೂ ಪೋಸ್ಟರ್ ಮಾಡಿಸಬೇಡಿ. ವರ್ಷಗಟ್ಟಲೆ ಓಡಾಡಿದ ವಾರ್ಡು ಸರದಿಯಲ್ಲಿ ಬೇರೆ ವರ್ಗಕ್ಕೋ ಮಹಿಳೆಗೋ ಹೋಗಬಹುದು. ಸದಸ್ಯರಲ್ಲಿ ಅರ್ಧದಷ್ಟು ಸ್ಥಾನ ಮಹಿಳೆಯರಿಗೇ. ಆಗ ಹೆಂಡತಿಯ ಹೆಸರಲ್ಲಿ ನಿಂತು ಮೀಟಿಂಗಿನಲ್ಲಿ ತಾವೇ ಕೂರುವ ಗಂಡಂದಿರು ಇದ್ದಾರಲ್ಲ, ದಯವಿಟ್ಟು ಆ ಸಾಲಿಗೆ ಸೇರಬೇಡಿ.

ಗೆದ್ದರೆ ಮೊದಲ ಆರು ತಿಂಗಳು ಪಿಡಿಒ (ಪಂಚಾಯ್ತಿ ಅಭಿವೃದ್ಧಿ ಅಧಿಕಾರಿ) ಪಕ್ಕ ಕೂತು ಕೆಲಸ ಕಲಿಯಿರಿ. ಉದ್ಯೋಗ ಖಾತ್ರಿ ಕೆಲಸಗಳ ಕ್ರಿಯಾಯೋಜನೆ ಹೇಗೆ ಆಗುತ್ತದೆ, ಹಣಕಾಸು ಆಯೋಗದ ದುಡ್ಡು ಯಾವುದಕ್ಕೆ ಖರ್ಚು ಮಾಡಬಹುದು, ಗ್ರಾಮಸಭೆಯಲ್ಲಿ ಬರೆದದ್ದು ಎಲ್ಲಿ ಹೋಗಿ ನಿಲ್ಲುತ್ತದೆ. ಇನ್ನೊಂದು ಮಾತು ಯಾರೂ ಹೇಳಲ್ಲ: ವಿಧಾನ ಪರಿಷತ್ತಿನ 75 ಸ್ಥಾನಗಳಲ್ಲಿ 25 ಸ್ಥಳೀಯ ಸಂಸ್ಥೆಗಳದ್ದು, ಅಲ್ಲಿ ಮತ ಹಾಕುವವರು ನಿಮ್ಮಂಥ ಸದಸ್ಯರೇ. ದೊಡ್ಡ ನಾಯಕರು ನಿಮ್ಮ ಮನೆಗೆ ಬಂದು ಕಾಫಿ ಕುಡಿಯೋದು ಆಗಲೇ.

ತಾಲ್ಲೂಕು, ಜಿಲ್ಲಾ ಪಂಚಾಯ್ತಿ ಮಧ್ಯದ ಮೆಟ್ಟಿಲು, ಅಲ್ವಾ? ಆದರೆ ಅದನ್ನು ನಂಬಿಕೊಂಡು ಕೂರಬೇಡಿ. 2016ರಲ್ಲಿ ಆಯ್ಕೆಯಾದವರ ಅವಧಿ 2021ರಲ್ಲಿ ಮುಗಿದ ಮೇಲೆ ಚುನಾವಣೆ ವರ್ಷಗಟ್ಟಲೆ ಮುಂದಕ್ಕೆ ಹೋಯಿತು. ಎಷ್ಟೋ ಹುಡುಗರು ಅಲ್ಲೇ ಸಿಕ್ಕಿಕೊಂಡರು.

ಇನ್ನು ವಿಧಾನಸಭೆ. 25 ವರ್ಷ ಆಗಿರಬೇಕು. ಠೇವಣಿ 10,000 ರೂಪಾಯಿ, ಪರಿಶಿಷ್ಟರಿಗೆ 5,000. ಒಟ್ಟು ಸಿಂಧು ಮತದ ಆರನೇ ಒಂದು ಭಾಗ ದಾಟದಿದ್ದರೆ ಆ ದುಡ್ಡು ಹೋಯ್ತು. ಆದರೆ ಅಸಲಿ ಯುದ್ಧ ಇರೋದು ಬಿ ಫಾರಂಗೆ. ಪಕ್ಷದ ಅಧಿಕೃತ ಅಭ್ಯರ್ಥಿ ನೀವೇ ಅಂತ ಹೇಳುವ ಕಾಗದ ಅದು. ನಾಮಪತ್ರದ ಕೊನೆ ದಿನ ಮಧ್ಯಾಹ್ನ 3 ಗಂಟೆಯೊಳಗೆ ಚುನಾವಣಾಧಿಕಾರಿ ಕೈಗೆ ಸೇರಬೇಕು. ಹಾಗಾಗಿ ಕೊನೆಯ ಎರಡು ದಿನ ಟಿಕೆಟ್ ಆಕಾಂಕ್ಷಿಗಳಿಗೆ ನಿದ್ದೆ ಇರಲ್ಲ. ಮಾನ್ಯತೆ ಪಡೆದ ಪಕ್ಷದವರಿಗೆ ಒಬ್ಬ ಸೂಚಕ ಸಾಕು, ಪಕ್ಷೇತರರಿಗೆ ಆ ಕ್ಷೇತ್ರದ 10 ಮತದಾರರ ಸಹಿ ಬೇಕು. ನಮೂನೆ 26ರ ಪ್ರಮಾಣಪತ್ರದಲ್ಲಿ ಆಸ್ತಿ, ಸಾಲ, ಕೇಸು ಎಲ್ಲ ಬರೆಯಬೇಕು. ಒಂದು ಕಾಲಂ ಕೂಡ ಖಾಲಿ ಬಿಡಬೇಡಿ. ಇಲ್ಲದಿದ್ದರೆ 'ಇಲ್ಲ' ಅಂತಲೇ ಬರೆಯಿರಿ.

ಲೋಕಸಭೆಗೂ ವಯಸ್ಸು 25ರದ್ದೇ. ಠೇವಣಿ 25,000, ಪರಿಶಿಷ್ಟರಿಗೆ ಅದರ ಅರ್ಧ. ಕರ್ನಾಟಕದಲ್ಲಿ 224 ವಿಧಾನಸಭಾ ಕ್ಷೇತ್ರ, 28 ಲೋಕಸಭಾ ಕ್ಷೇತ್ರ, ಅಂದರೆ ಒಂದಕ್ಕೆ ಎಂಟು. ನಿಮ್ಮ ತಾಲ್ಲೂಕಲ್ಲಿ ನೀವು ಹುಲಿ ಇರಬಹುದು, ಉಳಿದ ಏಳು ಕಡೆ ಶಾಸಕರೋ ಸೋತ ಅಭ್ಯರ್ಥಿಯೋ ಕೈ ಹಿಡಿಯದಿದ್ದರೆ ನಡೆಯಲ್ಲ. ಸಂಸದ ಆಗುವ ಆಸೆ ಇದ್ದರೆ ಮೊದಲು ಪಕ್ಕದ ತಾಲ್ಲೂಕಿನ ಮದುವೆ, ತಿಥಿಗಳಿಗೆ ಹೋಗೋದು ರೂಢಿ ಮಾಡಿಕೊಳ್ಳಿ.

ಇಷ್ಟೆಲ್ಲ ಮಾಡಿದರೂ ಮೆಟ್ಟಿಲು ಮೇಲಕ್ಕೇ ಹೋಗಬೇಕು ಅಂತೇನಿಲ್ಲ. ದೇವೇಗೌಡರು 1989ರಲ್ಲಿ ತಮ್ಮ ಹೊಳೆನರಸೀಪುರದಲ್ಲೇ ಸೋತರು. 1991ರಲ್ಲಿ ಹಾಸನದ ಸಂಸದರಾದರು, 1994ರಲ್ಲಿ ಮತ್ತೆ ರಾಜ್ಯಕ್ಕೆ ಬಂದು ಮುಖ್ಯಮಂತ್ರಿ, 1996ರ ಜೂನ್ 1ಕ್ಕೆ ಪ್ರಧಾನಿ. ಆಗ ಅವರು ಸಂಸದರೇ ಆಗಿರಲಿಲ್ಲ, ಆಮೇಲೆ ರಾಜ್ಯಸಭೆಗೆ ಆಯ್ಕೆಯಾದರು. ಪ್ರಧಾನಿ ಆಗಿದ್ದವರು 1999ರಲ್ಲಿ ಹಾಸನದಲ್ಲಿ, 2019ರಲ್ಲಿ ತುಮಕೂರಿನಲ್ಲಿ ಸೋತರು. ಮಲ್ಲಿಕಾರ್ಜುನ ಖರ್ಗೆಯವರದ್ದು ಇನ್ನೊಂದು ಬಗೆ. ಕಲಬುರಗಿಯಲ್ಲಿ ಕಾರ್ಮಿಕ ಸಂಘಟನೆಯ ಕೆಲಸ ಮಾಡಿ, 1972ರಲ್ಲಿ ಗುರುಮಠಕಲ್‌ನಿಂದ ಶುರುವಾಗಿ ವಿಧಾನಸಭೆಗೆ ಸತತ ಒಂಬತ್ತು ಗೆಲುವು, 2009ರಲ್ಲಿ ಲೋಕಸಭೆ. ಅವರೂ ಸೋತದ್ದು 2019ರಲ್ಲೇ. 2022ರಲ್ಲಿ ಪಕ್ಷದ ರಾಷ್ಟ್ರೀಯ ಅಧ್ಯಕ್ಷರಾದರು. ಸೋತ ಮಾರನೇ ದಿನ ಫೋನ್ ಸ್ವಿಚ್ ಆಫ್ ಮಾಡುವ ಗುಣ ಇದ್ದರೆ ಈಗಲೇ ಬೇರೆ ಕೆಲಸ ನೋಡಿಕೊಳ್ಳಿ.

ಲೆಕ್ಕದ ಮಾತು ಒಂದು ಉಳಿಯಿತು. 2022ರಲ್ಲಿ ಏರಿಸಿದ ಮೇಲೆ ನಮ್ಮಲ್ಲಿ ಅಭ್ಯರ್ಥಿಯ ಖರ್ಚಿನ ಮಿತಿ ವಿಧಾನಸಭೆಗೆ 40 ಲಕ್ಷ, ಲೋಕಸಭೆಗೆ 95 ಲಕ್ಷ. ಬೀದಿಯಲ್ಲಿ ಓಡಾಡುವ ದುಡ್ಡು ನೋಡಿದವರಿಗೆ ನಗು ಬರುತ್ತದೆ, ಅದು ಬೇರೆ ಮಾತು. ಚುನಾವಣೆಗೆ ಅಂತಲೇ ಬೇರೆ ಬ್ಯಾಂಕ್ ಖಾತೆ ತೆರೆಯಬೇಕು, ಫಲಿತಾಂಶ ಬಂದ 30 ದಿನದೊಳಗೆ ಲೆಕ್ಕ ಒಪ್ಪಿಸಬೇಕು. ಸೋತವರೂ ಒಪ್ಪಿಸಲೇಬೇಕು, ಇಲ್ಲದಿದ್ದರೆ ಚುನಾವಣಾ ಆಯೋಗ ಮೂರು ವರ್ಷ ಅನರ್ಹ ಮಾಡಬಹುದು. ಸೋತ ಬೇಸರದಲ್ಲಿ ಶಾಮಿಯಾನದವನ ಬಿಲ್ಲು ಎಲ್ಲೋ ಬಿಸಾಕಿ ಆಮೇಲೆ ಹುಡುಕಾಡುವ ಬದಲು, ಪ್ರಚಾರದ ಮೊದಲ ದಿನವೇ ಮನೆಯಲ್ಲಿ ಲೆಕ್ಕ ಬರುವ ಒಬ್ಬರ ಕೈಗೆ ಒಂದು ಫೈಲು ಕೊಟ್ಟುಬಿಡಿ.