ಅನುಕಂಪದ ನೇಮಕಾತಿ: ಸಿಬ್ಬಂದಿ ಶಾಖೆಯ ಮೇಜಿನಿಂದ ನನ್ನ ಅನುಭವ

ಸರ್ಕಾರಿ ಇಲಾಖೆಯೊಂದರ ಜಿಲ್ಲಾ ಕಚೇರಿಯಲ್ಲಿ ಮೊದಲು ವಿಷಯ ನಿರ್ವಾಹಕನಾಗಿ, ನಂತರ ಅಧೀಕ್ಷಕನಾಗಿ ನಾನು ಅನುಕಂಪದ ಆಧಾರದ ನೇಮಕಾತಿಯ ಕಡತಗಳನ್ನು ನೋಡಿಕೊಂಡಿದ್ದೇನೆ. ಸೇವೆಯಲ್ಲಿದ್ದಾಗಲೇ ತೀರಿಕೊಂಡ ನೌಕರರ ಮನೆಯವರಿಗೆ ಈ ನೌಕರಿ ಕೈತಪ್ಪಿದ್ದನ್ನು ನೋಡಿದಾಗಲೆಲ್ಲ ನನಗೆ ಕಂಡ ಕಾರಣ ಹೆಚ್ಚಾಗಿ ಒಂದೇ, ಅರ್ಜಿ ತಡವಾಗಿರುವುದು. ಆದ್ದರಿಂದ ಅರ್ಜಿ ಬರಲಿ ಎಂದು ಕಾಯದೆ, ಮರಣದ ಸುದ್ದಿ ಕಚೇರಿಗೆ ತಲುಪಿದ ಕೆಲವೇ ವಾರಗಳಲ್ಲಿ ನಾವೇ ಕುಟುಂಬಕ್ಕೆ ಪತ್ರ ಬರೆಯುವ ಪದ್ಧತಿಯನ್ನು ನಮ್ಮ ಶಾಖೆಯಲ್ಲಿ ರೂಢಿಗೆ ತಂದೆ.

ಕರ್ನಾಟಕದಲ್ಲಿ ಈ ನೇಮಕಾತಿ ನಡೆಯುವುದು 1996ರ ನಿಯಮಗಳ ಪ್ರಕಾರ, ಗುಮಾಸ್ತ, ಜವಾನರಂಥ ಕೆಳಹಂತದ ಗ್ರೂಪ್ ಸಿ ಮತ್ತು ಗ್ರೂಪ್ ಡಿ ಹುದ್ದೆಗಳಿಗೆ ಮಾತ್ರ. ನೌಕರರು ತೀರಿಕೊಂಡ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಸಲ್ಲಿಸಬೇಕು. ದುಃಖದಲ್ಲಿರುವ ಮನೆಗೆ ಆ ವರ್ಷ ಹೇಗೆ ಕಳೆಯಿತೆಂದೇ ತಿಳಿಯುವುದಿಲ್ಲ. ಕ್ರಿಯಾಕರ್ಮ, ಸಾಲಗಾರರು, ಕುಟುಂಬ ಪಿಂಚಣಿಯ ಓಡಾಟ ಮುಗಿಯುವಷ್ಟರಲ್ಲಿ ಅವಧಿಯ ಬಹುಪಾಲು ಮುಗಿದಿರುತ್ತದೆ. ಮಗ ದೊಡ್ಡವನಾದ ಮೇಲೆ ಹಾಕಿದರಾಯಿತು ಎಂದು ತಾಯಿ ಸುಮ್ಮನಿದ್ದ ಪ್ರಕರಣಗಳು ಇನ್ನೂ ನೋವಿನವು. ಅರ್ಜಿ ಹಾಕುವ ದಿನ 18 ವರ್ಷ ತುಂಬಿರಬೇಕು, ಆ ಅರ್ಜಿ ಒಂದು ವರ್ಷದೊಳಗೇ ಬರಬೇಕು ಎಂದು 1999ರಲ್ಲಿ ಮಾಡಿದ ತಿದ್ದುಪಡಿಯಿಂದ ಹಾಗೆ ಕಾದವರ ಅರ್ಜಿಗಳು ತಿರಸ್ಕೃತವಾದವು. ನಮ್ಮ ರಾಜ್ಯದ್ದೇ ಪ್ರಕರಣವೊಂದರಲ್ಲಿ, ಅರ್ಜಿ ಪರಿಗಣಿಸುವ ದಿನ ಜಾರಿಯಲ್ಲಿರುವ ನಿಯಮವೇ ಅನ್ವಯಿಸುತ್ತದೆ ಎಂದು ಸುಪ್ರೀಂ ಕೋರ್ಟ್ 2020ರಲ್ಲಿ ತೀರ್ಪಿತ್ತಿತು.

ಕುಟುಂಬದವರು ಮೊದಲ ಸಲ ಕಚೇರಿಗೆ ಬಂದಾಗ ನಾನು ತೆರೆಯುವುದು ಮೃತರ ಸೇವಾ ಪುಸ್ತಕವನ್ನು, ಅಂದರೆ ಅವರ ನೌಕರಿಯ ವಿವರಗಳನ್ನು ಕಚೇರಿ ದಾಖಲಿಸಿಡುವ ಪುಸ್ತಕವನ್ನು. ಅದರಲ್ಲಿರುವ ಕುಟುಂಬದ ವಿವರ ಮತ್ತು ನಾಮನಿರ್ದೇಶನದ ಪುಟವನ್ನು ಪಕ್ಕಕ್ಕಿಟ್ಟುಕೊಂಡು ಮರಣ ಪ್ರಮಾಣಪತ್ರ, ತಹಶೀಲ್ದಾರರು ಕೊಟ್ಟ ಜೀವಂತ ಸದಸ್ಯರ ಪ್ರಮಾಣಪತ್ರ, ಆಧಾರ್, ಅಂಕಪಟ್ಟಿ ಇವುಗಳಲ್ಲಿನ ಪ್ರತಿ ಹೆಸರನ್ನೂ ಅಕ್ಷರ ಬಿಡದೆ ಹೋಲಿಸುತ್ತೇನೆ. ಸೇವಾ ಪುಸ್ತಕದಲ್ಲಿ ಲಕ್ಷ್ಮಮ್ಮ ಎಂದಿರುವವರು ಆಧಾರ್‌ನಲ್ಲಿ ಲಕ್ಷ್ಮೀದೇವಿ ಆಗಿರುತ್ತಾರೆ. ಅಂಕಪಟ್ಟಿಯಲ್ಲಿ ತಂದೆಯ ಹೆಸರಿನ ಇನಿಷಿಯಲ್ ಬಿಟ್ಟುಹೋಗಿರುತ್ತದೆ. ಇಂಥ ವ್ಯತ್ಯಾಸವನ್ನು ನಾವು ಗಮನಿಸದೆ ಕಳಿಸಿದರೆ ಮೇಲಿನ ಕಚೇರಿಯವರು ಗಮನಿಸುತ್ತಾರೆ, ಕಡತ ಆಕ್ಷೇಪಣೆಯೊಂದಿಗೆ ತಿಂಗಳುಗಳ ನಂತರ ಮರಳಿ ಬರುತ್ತದೆ. ಎರಡೂ ಹೆಸರು ಒಬ್ಬರದ್ದೇ ಎಂಬ ಅಫಿಡವಿಟ್ ಅನ್ನು ಮೊದಲೇ ಮಾಡಿಸುತ್ತೇನೆ. ಮರಣ ಪ್ರಮಾಣಪತ್ರದಲ್ಲೇ ತಪ್ಪಿದ್ದರೆ ಜನನ ಮರಣ ನೋಂದಣಾಧಿಕಾರಿಗಳಲ್ಲಿ ತಿದ್ದಿಸಲು ಹೇಳುತ್ತೇನೆ. ಆದರೆ ಈ ತಿದ್ದುಪಡಿಗಳಿಗಾಗಿ ಅರ್ಜಿಯನ್ನು ತಡೆಹಿಡಿಯಬಾರದು. ಅರ್ಜಿಯನ್ನು ಅಂದೇ ಟಪಾಲು ಶಾಖೆಯಲ್ಲಿ ಕೊಟ್ಟು, ದಿನಾಂಕದ ಮುದ್ರೆಯಿರುವ ಸ್ವೀಕೃತಿ ಪಡೆದುಕೊಳ್ಳಲಿ, ದಾಖಲೆಗಳು ನಂತರ ಸೇರಲಿ ಎಂಬುದು ನನ್ನ ಖಚಿತ ಅಭಿಪ್ರಾಯ.

ಎಲ್ಲಕ್ಕಿಂತ ಹೆಚ್ಚು ಸಮಯ ಬೇಡುವುದು ಯಾರು ಅರ್ಜಿ ಹಾಕಬೇಕೆಂಬ ಪ್ರಶ್ನೆ. ಪುರುಷ ನೌಕರರು ತೀರಿಕೊಂಡಾಗ ನಿಯಮದಲ್ಲಿ ಮೊದಲ ಅವಕಾಶ ಪತ್ನಿಯದ್ದು. ಅವರು ಅರ್ಹರಲ್ಲದಿದ್ದರೆ ಅಥವಾ ಒಪ್ಪದಿದ್ದರೆ ಮಾತ್ರ ಮಕ್ಕಳ ಸರದಿ. ಮನೆಯ ಹಿರಿಯರು ಮಗನ ಹೆಸರನ್ನು ಮೊದಲೇ ನಿರ್ಧರಿಸಿಕೊಂಡು ತಾಯಿಯಿಂದ ಒಪ್ಪಿಗೆ ಪತ್ರಕ್ಕೆ ಸಹಿ ಹಾಕಿಸಿ ತಂದಿರುತ್ತಾರೆ. ಅಂಥ ಪತ್ರವನ್ನು ನಾನು ಹಾಗೆಯೇ ಕಡತಕ್ಕೆ ಸೇರಿಸುವುದಿಲ್ಲ. ಆ ತಾಯಿಯನ್ನು ಒಬ್ಬರನ್ನೇ ಕೂರಿಸಿಕೊಂಡು, ಪತ್ರವನ್ನು ನಿಧಾನವಾಗಿ ಓದಿ ಹೇಳಿ, "ಅಮ್ಮಾ, ಮೊದಲ ಅವಕಾಶ ನಿಮ್ಮದು, ನಿಮಗೇ ಕೆಲಸ ಬೇಡವೇ?" ಎಂದು ಕೇಳುತ್ತೇನೆ. ಹೆಚ್ಚು ಓದಿಲ್ಲವೆಂಬ ಸಂಕೋಚದಿಂದ ಹಿಂದೆ ಸರಿದಿದ್ದವರು ಈ ಮಾತಿನ ನಂತರ ತಾವೇ ಅರ್ಜಿ ಹಾಕಿ, ಗ್ರೂಪ್ ಡಿ ಹುದ್ದೆಗೆ ಸೇರಿ, ಮಕ್ಕಳನ್ನು ಓದಿಸಿದ್ದನ್ನು ಕಂಡಿದ್ದೇನೆ.

ಮದುವೆಯಾದ ಮಗಳಿಗೆ ಅವಕಾಶವಿಲ್ಲ ಎಂಬ ನಂಬಿಕೆ ಹಳ್ಳಿಗಳಲ್ಲಿ ಇನ್ನೂ ಇದೆ. ಮಗಳು ಅವಿವಾಹಿತೆಯಾಗಿರಬೇಕು ಎಂದು ನಿಯಮದಲ್ಲಿದ್ದ ಷರತ್ತು ತಾರತಮ್ಯದಿಂದ ಕೂಡಿದ್ದೆಂದು ಕರ್ನಾಟಕ ಹೈಕೋರ್ಟ್ 2020ರ ಡಿಸೆಂಬರ್‌ನಲ್ಲಿ ಅದನ್ನು ರದ್ದುಪಡಿಸಿತು, 2021ರಲ್ಲಿ ನಿಯಮಕ್ಕೂ ತಿದ್ದುಪಡಿಯಾಯಿತು. ಆದರೂ ಆಕೆ ಮೃತರನ್ನು ಅವಲಂಬಿಸಿದ್ದರೆಂಬುದಕ್ಕೆ ಆಧಾರ ಬೇಕೇ ಬೇಕು. ಒಂದೇ ಮನೆಯಲ್ಲಿ ವಾಸವಿದ್ದುದನ್ನು ತೋರಿಸುವ ಪಡಿತರ ಚೀಟಿಯಂಥ ದಾಖಲೆಯನ್ನು ನಾನು ಆರಂಭದಲ್ಲೇ ಕೇಳುತ್ತೇನೆ.

ಇದು ಆಸ್ತಿಯಂತೆ ವಾರಸಿನಿಂದ ಬರುವ ಹಕ್ಕಲ್ಲ, ದುಡಿಯುವವರನ್ನು ಕಳೆದುಕೊಂಡ ಕುಟುಂಬವನ್ನು ಆ ಹೊತ್ತಿನ ಸಂಕಷ್ಟದಿಂದ ಪಾರು ಮಾಡುವ ನೆರವು ಎಂಬುದನ್ನು ಸುಪ್ರೀಂ ಕೋರ್ಟ್ 1994ರಲ್ಲೇ ಸ್ಪಷ್ಟಪಡಿಸಿದೆ. ಹಾಗಾಗಿ ನೇಮಕಾತಿ ಪ್ರಾಧಿಕಾರಕ್ಕೆ ಕಳಿಸುವ ಪ್ರಸ್ತಾವನೆಯಲ್ಲಿ ಮನೆಯ ಆದಾಯ, ಸಾಲ, ಓದುತ್ತಿರುವ ಮಕ್ಕಳು, ಆರೈಕೆ ಬೇಕಿರುವ ಹಿರಿಯರು ಇವೆಲ್ಲವನ್ನೂ ಬಿಡಿಸಿ ಬರೆಯುತ್ತೇನೆ, ಖಾಲಿ ಹುದ್ದೆಗಳ ವಿವರವನ್ನು ಜೊತೆಗೇ ಲಗತ್ತಿಸುತ್ತೇನೆ. ಆದೇಶ ಕೈಗೆ ಬಂದ ದಿನ, ಉಳಿದ ಅವಲಂಬಿತರನ್ನು ನೋಡಿಕೊಳ್ಳುವುದಾಗಿ ಅಭ್ಯರ್ಥಿ ಬರೆದುಕೊಟ್ಟ ಮುಚ್ಚಳಿಕೆಯ ಒಂದು ಪ್ರತಿಯನ್ನು ಹೊಸ ಸೇವಾ ಪುಸ್ತಕಕ್ಕೆ ಅಂಟಿಸಿ, ಇನ್ನೊಂದನ್ನು ಅವರ ತಾಯಿಯ ಕೈಗೆ ಕೊಡುತ್ತೇನೆ.