ನಮ್ಮ ಮಾರಿಯೋ ಇಷ್ಟು ಜೋರಾಗಿ ಓಡ್ತಿರಲಿಲ್ಲ

ಹಳೇ ಟಿವಿ ಗೇಮ್ ಮಾರಿಯೋದ ಮೊದಲನೇ ಗುಂಡಿಗೇ ಬಿದ್ದೆ. ಎರಡನೇ ಸಲವೂ ಅದೇ ಗುಂಡಿ. ಇಪ್ಪತ್ತೈದು ವರ್ಷದ ಹಿಂದೆ ಟಿವಿ ಕಡೆ ಸರಿಯಾಗಿ ನೋಡದೆಯೂ ದಾಟುತ್ತಿದ್ದ ಜಾಗ ಅದು. ವಯಸ್ಸಾಯ್ತು ಅಂದುಕೊಂಡೆ. ಪಕ್ಕದಲ್ಲಿ ಕೂತಿದ್ದ ತಮ್ಮ ರಿಮೋಟ್ ಕಿತ್ತುಕೊಂಡ. ಅವನೂ ಅಲ್ಲೇ ಬಿದ್ದ. "ಅಣ್ಣಾ, ಇದು ನಮ್ಮ ಮಾರಿಯೋ ಅಲ್ಲ. ನಮ್ಮದು ಇಷ್ಟು ಜೋರಾಗಿ ಓಡ್ತಿರಲಿಲ್ಲ" ಅಂದ. ನಾನು ನಕ್ಕೆ. ತಪ್ಪು ನನ್ನದೇ ಅಂತ ಆಮೇಲೆ ಗೊತ್ತಾಯಿತು.

ನಮ್ಮ ಮನೆಗೆ ಟಿವಿ ಗೇಮ್ ಬಂದದ್ದು 1998ರ ದಸರಾ ರಜೆಯಲ್ಲಿ. ಅಪ್ಪ ಚಿತ್ರದುರ್ಗದ ಪೇಟೆಯಿಂದ ತಂದ ಆ ಡಬ್ಬಕ್ಕೆ ಹೇಳಿಕೊಳ್ಳುವಂಥ ಹೆಸರಿರಲಿಲ್ಲ. ನಿಂಟೆಂಡೊ 1983ರಲ್ಲಿ ಜಪಾನಿನಲ್ಲಿ ಬಿಟ್ಟ ಫ್ಯಾಮಿಕಾಮ್‌ನ ನಕಲು ಅದು ಅನ್ನುವುದು ಆಗ ಯಾರಿಗೆ ಗೊತ್ತು? ಜೊತೆಗೆ '9999 ಇನ್ 1' ಅಂತ ಬರೆದ ಹಳದಿ ಕ್ಯಾಸೆಟ್. ಅದರಲ್ಲಿ ನಿಜವಾಗಿ ಇದ್ದದ್ದು ಹತ್ತೋ ಹನ್ನೆರಡೋ ಆಟ. ಉಳಿದದ್ದೆಲ್ಲ ಅವೇ ಆಟಗಳು, ಬೇರೆ ಬೇರೆ ಹೆಸರು ಹೊತ್ತು, ಒಂದು ಎರಡನೇ ಲೆವೆಲ್‌ನಿಂದ, ಇನ್ನೊಂದು ಮೂರನೆಯದರಿಂದ ಶುರುವಾಗುತ್ತಿದ್ದವು.

ಅದನ್ನೇ ಈಗಿನ ದೊಡ್ಡ ಟಿವಿಯಲ್ಲಿ ಆಡಬೇಕು ಅನ್ನುವ ಆಸೆಗೆ ಹೊಸ ಸಾಮಾನು ಬೇಕಾಗಲಿಲ್ಲ. 2013ರಲ್ಲಿ ಕೊಂಡ, ಬ್ಯಾಟರಿ ಸತ್ತ ಲ್ಯಾಪ್‌ಟಾಪ್ ಒಂದು ಬೀರುವಿನಲ್ಲಿತ್ತು. ಅದಕ್ಕೆ ಲಿನಕ್ಸ್ ಮಿಂಟ್ ಅನ್ನುವ ಆಪರೇಟಿಂಗ್ ಸಿಸ್ಟಮ್ ಹಾಕಿದೆ, ಅದರ ಮೇಲೆ ರೆಟ್ರೋಆರ್ಚ್. ಹಳೇ ಗೇಮ್ ಯಂತ್ರದ ಹಾಗೆ ನಟಿಸುವ ತಂತ್ರಾಂಶ ಅದು, ಎಮ್ಯುಲೇಟರ್ ಅನ್ನುತ್ತಾರೆ. ಹಳೇ ಯಂತ್ರದ ಪ್ರೊಸೆಸರ್ ಓಡುತ್ತಿದ್ದದ್ದು 1.79 ಮೆಗಾಹರ್ಟ್ಸ್‌ನಲ್ಲಿ, ಅದಕ್ಕಿದ್ದ ರ್‍ಯಾಮ್ 2 ಕೆಬಿ. ಹಾಗಾಗಿ ಇಂಥ ಹಳೇ ಲ್ಯಾಪ್‌ಟಾಪ್ ಇದಕ್ಕೆ ಸಾಕು.

ರೆಟ್ರೋಆರ್ಚ್ ಹಾಕಿಕೊಂಡ ಬಹಳ ಜನ ಮೊದಲ ದಿನವೇ ಕೈಬಿಡುತ್ತಾರೆ, ಯಾಕೆಂದರೆ ತೆರೆದರೆ ಏನೂ ನಡೆಯುವುದಿಲ್ಲ. ಅದು ಮಿಕ್ಸಿಯ ಮೋಟಾರ್ ಇದ್ದ ಹಾಗೆ. ರುಬ್ಬಬೇಕಾದರೆ ಜಾರ್ ಬೇಕು. ಆ ಜಾರಿಗೆ ಇಲ್ಲಿ 'ಕೋರ್' ಅನ್ನುತ್ತಾರೆ. ಫ್ಯಾಮಿಕಾಮ್‌ಗೆ ಒಂದು, ಸೆಗಾಗೆ ಒಂದು, ಪ್ಲೇಸ್ಟೇಷನ್‌ಗೆ ಇನ್ನೊಂದು. ಆನ್‌ಲೈನ್ ಅಪ್‌ಡೇಟರ್ ಅನ್ನುವ ಮೆನುವಿನಲ್ಲಿ ಕೋರ್ ಡೌನ್‌ಲೋಡರ್ ಇರುತ್ತದೆ, ಅಲ್ಲಿಂದಲೇ ಇಳಿಸಿಕೊಳ್ಳಬೇಕು. ಫ್ಯಾಮಿಕಾಮ್‌ಗೇ ಮೂರು ನಾಲ್ಕು ಕೋರ್ ಇವೆ: ನೆಸ್ಟೋಪಿಯಾ, ಎಫ್‌ಸಿಇಯುಎಂಎಂ, ಮೆಸೆನ್. ನಾನು ಮೆಸೆನ್ ಹಿಡಿದೆ. ಕೊಂಚ ಭಾರ, ಆದರೆ ಹಳೇ ಯಂತ್ರದ ನಡತೆಯನ್ನು ಬಲು ನಿಷ್ಠೆಯಿಂದ ಅನುಸರಿಸುತ್ತದೆ.

ಆಟದ ಫೈಲ್ ಎಲ್ಲಿಂದ ತಂದೆ ಅಂತ ಎಲ್ಲರೂ ಕೇಳುತ್ತಾರೆ. ಅಂತರ್ಜಾಲದಲ್ಲಿ ರಾಶಿ ಬಿದ್ದಿವೆ ನಿಜ, ಆದರೆ ಅವು ಇನ್ನೂ ಒಬ್ಬರ ಹಕ್ಕಿನ ಸ್ವತ್ತು. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಸೆಕ್ಷನ್, ನ್ಯಾಯವಾಗಿ ಪಡೆದ ಪ್ರೋಗ್ರಾಮ್ ಒಂದನ್ನು ವ್ಯಾಪಾರಕ್ಕಲ್ಲದೆ ಸ್ವಂತ ಬಳಕೆಗೆ ನಕಲು ಮಾಡಿಕೊಳ್ಳಲು ಬಿಡುತ್ತದೆ. ಹಳದಿ ಕ್ಯಾಸೆಟ್ ಹುಟ್ಟಿನಿಂದಲೇ ಕಳ್ಳಮಾಲು, ಅದು ಲೆಕ್ಕಕ್ಕಿಲ್ಲ. ಅಕ್ಕ ನ್ಯೂಜೆರ್ಸಿಯಲ್ಲಿದ್ದಾಳೆ. ಅಲ್ಲಿ ಹಳೇ ಸಾಮಾನಿನ ಅಂಗಡಿಯಲ್ಲಿ ಅಸಲಿ ಕ್ಯಾಸೆಟ್ ಎರಡು ಹುಡುಕಿ, ಬೆಂಗಳೂರಿಗೆ ಬರುತ್ತಿದ್ದ ಗೆಳತಿಯ ಕೈಲಿ ಕಳಿಸಿದಳು. ಒಂದರಲ್ಲಿ ಮಾರಿಯೋ, ಡಕ್ ಹಂಟ್ ಎರಡೂ ಇದ್ದವು. ಇನ್ನೊಂದು ಕಾಂಟ್ರಾ. ನೋಡಿದರೆ ನಮ್ಮ ಕ್ಯಾಸೆಟ್‌ಗಿಂತ ಬಹಳ ದೊಡ್ಡವು. ಅಮೆರಿಕದ ಕ್ಯಾಸೆಟ್‌ಗೆ 72 ಪಿನ್ನು, ನಮ್ಮ ನಕಲಿ ಸೆಟ್ಟಿನದು ಜಪಾನಿನ ಹಾಗೆ 60. ಒಂದಕ್ಕೊಂದು ಕೂರುವುದಿಲ್ಲ.

ಕ್ಯಾಸೆಟ್ ಓದಿ ಫೈಲ್ ಮಾಡುವ ಸಣ್ಣ ಯುಎಸ್‌ಬಿ ಯಂತ್ರ ಸಿಗುತ್ತದೆ, ಡಂಪರ್ ಅನ್ನುತ್ತಾರೆ. ತರಿಸಿಕೊಂಡೆ. ಕಾಂಟ್ರಾವನ್ನು ಎರಡು ಸಲ ಓದಿಸಿದರೆ ಎರಡು ಬೇರೆ ಬೇರೆ ಚೆಕ್‌ಸಮ್ (ಫೈಲಿನ ಬೈಟುಗಳಿಂದ ಲೆಕ್ಕಹಾಕುವ ಗುರುತಿನ ಸಂಖ್ಯೆ) ಬಂತು. ಕ್ಯಾಸೆಟ್ ಒಂದೇ ಆದ ಮೇಲೆ ಓದು ಎರಡಾಗುವುದು ಹೇಗೆ? ಪಿನ್ನು ಕೊಳೆಯಾಗಿತ್ತು. ಕೈ ತಾನಾಗಿ ಕ್ಯಾಸೆಟ್ಟನ್ನು ಬಾಯಿಗೆ ತಂದಿತು, ಊದಲಿಕ್ಕೆ. ಚಿಕ್ಕವರಿದ್ದಾಗ ನಾವೆಲ್ಲ ಮಾಡಿದ ಈ ವೈದ್ಯ ಶುದ್ಧ ಸುಳ್ಳು. ಉಸಿರಿನ ತೇವಕ್ಕೆ ಪಿನ್ನು ಇನ್ನಷ್ಟು ಕಪ್ಪಾಗುತ್ತದೆ. ಆಟ ಬರುತ್ತಿದ್ದದ್ದು ತೆಗೆದು ಮತ್ತೆ ಹಾಕಿದ್ದಕ್ಕೆ. ಐಸೊಪ್ರೊಪೈಲ್ ಆಲ್ಕೊಹಾಲಿನಲ್ಲಿ ಹತ್ತಿ ಅದ್ದಿ ಉಜ್ಜಿದೆ. ಹತ್ತಿ ಇದ್ದಿಲಾಯಿತು. ಆಮೇಲೆ ಮೂರು ಸಲ ಓದಿಸಿದೆ, ಮೂರೂ ಒಂದೇ: 1,31,088 ಬೈಟ್. ಅದರಲ್ಲಿ 16 ಬೈಟ್ ತಲೆಬರಹ, ಕ್ಯಾಸೆಟ್ಟಿನ ಒಳಗೆ ಯಾವ ಬಗೆಯ ಸರ್ಕ್ಯೂಟ್ ಬೋರ್ಡ್ ಇದೆ ಅಂತ ಎಮ್ಯುಲೇಟರಿಗೆ ಹೇಳುವುದು. ಉಳಿದ 128 ಕೆಬಿಯೇ ಇಡೀ ಕಾಂಟ್ರಾ. ನನ್ನ ಫೋನಿನಲ್ಲಿ ಬೆಳಗ್ಗೆ ಬರುವ ಒಂದು ಶುಭೋದಯದ ಚಿತ್ರ ಇದಕ್ಕಿಂತ ದೊಡ್ಡದು.

ಮಾರಿಯೋ ಮೊದಲ ಸಲ ಬರೀ ಬೂದು ತೆರೆ ತೋರಿಸಿತು. ಅದು ಎರಡು ಆಟದ ಕ್ಯಾಸೆಟ್ ಅನ್ನುವುದನ್ನು ಮರೆತು ಒಂಟಿ ಮಾರಿಯೋದ ಬೋರ್ಡ್ ಅಂತ ಹೇಳಿ ಓದಿಸಿದ್ದೆ. ಸರಿಪಡಿಸಿದ ಮೇಲೆ ಬಂತು.

ಆಗ ನಡೆದದ್ದು ಮೇಲೆ ಹೇಳಿದ ಗುಂಡಿಯ ಪ್ರಸಂಗ.

ತಮ್ಮ ಹಬ್ಬ ಮುಗಿಸಿ ಊರಿಗೆ ಹೋದ. ಅವನ ಮಾತು ಮಾತ್ರ ತಲೆಯಲ್ಲಿ ಉಳಿಯಿತು. ಹಳೇ ಸೆಟ್ಟು, ಹಳೇ ಡಬ್ಬಾ ಟಿವಿ ಎರಡೂ ಊರಿನ ಮನೆಯ ಅಟ್ಟದಲ್ಲೇ ಇದ್ದವು. ಒಂದು ಭಾನುವಾರ ಫೋನ್ ಮಾಡಿ ಇಳಿಸಲು ಹೇಳಿದೆ. ಅಡಾಪ್ಟರ್ ಸತ್ತಿತ್ತು. ಬೇರೆ ಹಾಕಿದ. ಸೆಟ್ಟು ಎದ್ದಿತು! ಅಳೆಯುವ ಉಪಾಯ ಸುಲಭ. ಮಾರಿಯೋದ ಮೊದಲ ಲೆವೆಲ್‌ನಲ್ಲಿ ಟೈಮ್ 400ರಿಂದ ಇಳಿಯುತ್ತದೆ. ಶುರುವಾದ ಜಾಗದಲ್ಲೇ ಅಲುಗಾಡದೆ ನಿಂತರೆ ಯಾವ ಶತ್ರುವೂ ಹತ್ತಿರ ಬರುವುದಿಲ್ಲ, ಟೈಮ್ ಸೊನ್ನೆಯಾದಾಗ ಮಾರಿಯೋ ತಾನೇ ಸಾಯುತ್ತಾನೆ. ನನ್ನ ಎಮ್ಯುಲೇಟರಿನಲ್ಲಿ ಸೊನ್ನೆಗೆ ಬರಲು 2 ನಿಮಿಷ 40 ಸೆಕೆಂಡು ಹಿಡಿಯಿತು. ಊರಿನ ಸೆಟ್ಟಿನಲ್ಲಿ ತಮ್ಮ ಮೊಬೈಲ್ ಹಿಡಿದು ಎಣಿಸಿದ. 3 ನಿಮಿಷ 12.

"ನಾನು ಹೇಳ್ಲಿಲ್ವಾ?" ಅಂದ. ಅವನಿಗೆ ಹೀಗೆ ಹೇಳುವ ಅವಕಾಶ ಬಹಳ ಸಿಗುವುದಿಲ್ಲ, ಹಾಗಾಗಿ ಎರಡು ಸಲ ಅಂದ.

ಕಾರಣ ಹುಡುಕಿದರೆ ಎದುರಿಗೇ ಇತ್ತು. ಈ ಆಟಗಳಿಗೆ ಗಡಿಯಾರ ಇಲ್ಲ, ಟಿವಿಯ ಚಿತ್ರವೇ ಗಡಿಯಾರ. ಒಂದು ಚಿತ್ರ ಮೂಡಿದಾಗೊಮ್ಮೆ ಆಟ ಒಂದು ಹೆಜ್ಜೆ ಮುಂದೆ ಹೋಗುತ್ತದೆ. ಮಾರಿಯೋದ ಟೈಮ್ 24 ಚಿತ್ರಕ್ಕೆ ಒಂದರಂತೆ ಇಳಿಯುತ್ತದೆ, ಅಂದರೆ 400ಕ್ಕೆ 9,600 ಚಿತ್ರ. ಜಪಾನ್, ಅಮೆರಿಕಗಳ ಟಿವಿಯಲ್ಲಿ ಸೆಕೆಂಡಿಗೆ 60 ಚಿತ್ರ, 160 ಸೆಕೆಂಡಿಗೆ ಮುಗಿಯಿತು. ನಮ್ಮ ಹಳೇ ಟಿವಿಗಳದು ಪಾಲ್ ಅನ್ನುವ ಪದ್ಧತಿ, ಸೆಕೆಂಡಿಗೆ 50. ಭಾಗಿಸಿದರೆ 192 ಸೆಕೆಂಡು, 3 ನಿಮಿಷ 12. ಅಂದರೆ ನಾವು ಬಾಲ್ಯವಿಡೀ ಆಡಿದ್ದು ಆರರಲ್ಲಿ ಐದು ಪಾಲು ವೇಗದ ಮಾರಿಯೋವನ್ನು. ಮಾರಿಯೋ ಹಾಡು ನಮ್ಮ ಕಿವಿಯಲ್ಲಿ ಕೂತಿರುವುದೂ ಆ ನಿಧಾನದ ಲಯದಲ್ಲೇ. ಮೂಲಕ್ಕೆ ಅದು ತಪ್ಪು, ಹೌದು. ನಮಗೆ ಅದೇ ಮೂಲ.

ಕೋರ್ ಆಪ್ಷನ್ಸ್‌ನಲ್ಲಿ ರೀಜನ್ ಅನ್ನುವ ಸಾಲು ಇದೆ. ಪಾಲ್ ಅಂತ ಮಾಡಿದೆ. ವೇಗ ಸರಿಹೋಯಿತು, ಆದರೆ ಹಾಡಿನ ಶ್ರುತಿ ಇಳಿದು ಮಾರಿಯೋಗೆ ನೆಗಡಿ ಆದಂತೆ ಕೇಳಿಸಿತು. ನಿಂಟೆಂಡೊ ಯುರೋಪಿಗೆ ಮಾಡಿದ ಯಂತ್ರದ ಪ್ರೊಸೆಸರ್ 1.66 ಮೆಗಾಹರ್ಟ್ಸ್, ಶ್ರುತಿ ಅದನ್ನೇ ಅವಲಂಬಿಸಿದೆ. ನಕಲು ಮಾಡಿದ ತೈವಾನಿನವರು ಜಾಣರು. ಪ್ರೊಸೆಸರನ್ನು 1.77ರಲ್ಲಿ ಉಳಿಸಿಕೊಂಡು ಚಿತ್ರ ಮಾತ್ರ 50 ಮಾಡಿದರು, ಜಪಾನಿನ ಆಟಗಳೆಲ್ಲ ಓಡಲಿ ಅಂತ. ಈ ಮೂರನೇ ಬಗೆಗೂ ಮೆನುವಿನಲ್ಲಿ ಒಂದು ಹೆಸರಿದೆ: ಡೆಂಡಿ. 1992ರ ಕೊನೆಯಲ್ಲಿ ರಷ್ಯಾದ ಮಾರುಕಟ್ಟೆಗೆ ಬಂದ ನಕಲಿ ಸೆಟ್ಟಿನ ಹೆಸರು ಅದು. ಡೆಂಡಿ ಆರಿಸಿ, ಆಟವನ್ನು ರೀಸೆಟ್ ಮಾಡಿದೆ. ಮೊದಲನೇ ಗುಂಡಿ ದಾಟಿದೆ.

ಇಲ್ಲಿಗೆ ಮುಗಿಯಲಿಲ್ಲ. ಮಾರಿಯೋ ಓಡುವಾಗ ಹಿಂದಿನ ಬೆಟ್ಟಗಳು ತಡವರಿಸುತ್ತಾ ಸರಿಯುತ್ತಿದ್ದವು. 50 ಚಿತ್ರದ ಆಟವನ್ನು 60ರ ತೆರೆಗೆ ಸುರಿದರೆ ಸೆಕೆಂಡಿಗೆ ಹತ್ತು ಚಿತ್ರ ಎರಡೆರಡು ಸಲ ಕಾಣಬೇಕಾಗುತ್ತದೆ, ಅದೇ ಆ ತಡವರಿಕೆ. ಲಿನಕ್ಸ್‌ನ ಡಿಸ್‌ಪ್ಲೇ ಸೆಟ್ಟಿಂಗ್‌ನಲ್ಲಿ ಟಿವಿಯ ರಿಫ್ರೆಶ್ ರೇಟನ್ನು 50ಕ್ಕೆ ಇಳಿಸಿದೆ. ನನ್ನ ಟಿವಿ ತಕರಾರಿಲ್ಲದೆ ಒಪ್ಪಿಕೊಂಡಿತು. ಲ್ಯಾಪ್‌ಟಾಪಿನ ಸ್ವಂತ ತೆರೆ ಒಪ್ಪಲಿಲ್ಲ, ಹಾಗಾಗಿ ಅದನ್ನು ಆಫ್ ಮಾಡಿಯೇ ಆಡುತ್ತೇವೆ.

ಇನ್ನು ರಿಮೋಟಿನ ಗುಂಡಿ ಒತ್ತುವುದಕ್ಕೂ ಮಾರಿಯೋ ಜಿಗಿಯುವುದಕ್ಕೂ ನಡುವಿನ ತಡ. ಇದಕ್ಕೆ ಜನ ಏನೇನೋ ಸೆಟ್ಟಿಂಗ್ ಹೇಳುತ್ತಾರೆ. ಎಲ್ಲಕ್ಕಿಂತ ಮೊದಲು ಟಿವಿಯ ಗೇಮ್ ಮೋಡ್ ಹಾಕಿ. ಚಿತ್ರವನ್ನು ಚಂದ ಮಾಡಲು ಟಿವಿ ಒಳಗೊಳಗೇ ನಡೆಸುವ ಕಸರತ್ತೇ ನನ್ನಲ್ಲಿ ದೊಡ್ಡ ಕಳ್ಳ ಆಗಿತ್ತು. ಆಮೇಲೆ ರೆಟ್ರೋಆರ್ಚ್‌ನ ಲೇಟೆನ್ಸಿ ಮೆನುವಿನಲ್ಲಿ ರನ್ ಅಹೆಡ್ ಒಂದು ಫ್ರೇಮ್, ಅಂದರೆ ಒಂದು ಚಿತ್ರ, ಇಟ್ಟೆ; ಆ ತಡ ಮರೆಸಲು ಆಟವನ್ನು ಅಷ್ಟು ಮುಂದೆ ಓಡಿಸಿ ತೋರಿಸುವುದು ಅದು. ಹೆಚ್ಚು ಇಟ್ಟರೆ ಮಾರಿಯೋ ಜಿಗಿತದ ನಡುವಿನ ಚಿತ್ರ ಹಾರಿಹೋದಂತೆ ಕಂಡಿತು, ಬಿಟ್ಟೆ.

ಹಳೇ ಟಿವಿಯ ಗೆರೆ ಬರಲಿ ಅಂತ ಶೇಡರ್ ಅನ್ನುವ ಚಿತ್ರದ ಫಿಲ್ಟರ್ ಹಾಕಿದೆ. ಹೆಸರುವಾಸಿ ಸಿಆರ್‌ಟಿ ರಾಯಲ್ ಹಾಕಿದರೆ ಲ್ಯಾಪ್‌ಟಾಪ್ ಏದುಸಿರು ಬಿಟ್ಟಿತು. ಸಿಆರ್‌ಟಿ ಈಸಿಮೋಡ್ ಸಾಕು. ಚಿತ್ರವನ್ನು ಮಾತ್ರ 4:3ರಲ್ಲೇ ಇಡಿ. ತೆರೆ ತುಂಬಲಿ ಅಂತ ಎಳೆದ ಮಾರಿಯೋ ನೋಡಿದರೆ ನನಗೆ ಹೊಟ್ಟೆ ಉರಿಯುತ್ತದೆ.

ಡಕ್ ಹಂಟ್ ಮಾತ್ರ ಮೊದಲಿನ ಹಾಗೆ ಆಗಲಿಲ್ಲ. ಅದನ್ನು ಆಡುವುದು ಟಿವಿಗೆ ಗುರಿಯಿಡುವ ಆಟಿಕೆ ಬಂದೂಕಿನಲ್ಲಿ. ಅದರ ಕುದುರೆ ಎಳೆದಾಗ ತೆರೆ ಒಂದು ಕ್ಷಣ ಕಪ್ಪಾಗಿ, ಬಾತುಕೋಳಿ ಇದ್ದ ಜಾಗದಲ್ಲಿ ಬಿಳೀ ಚೌಕ ಮೂಡುತ್ತದೆ. ಬಂದೂಕಿನ ಮೂತಿಯಲ್ಲಿರುವ ಕಣ್ಣು ಆ ಬೆಳಕನ್ನು ಹಿಡಿಯುತ್ತದೆ. ಹಳೇ ಗಾಜಿನ ಟಿವಿಯ ಬೆಳಕಿಗೆ, ಅದರ ವೇಳೆಗೆ ಹೊಂದಿಸಿದ ಕಣ್ಣು ಅದು. ಎಲ್‌ಸಿಡಿಯಲ್ಲಿ ಚೌಕ ತಡವಾಗಿ ಬರುತ್ತದೆ, ಬಂದೂಕಿಗೆ ಕಾಣುವುದೇ ಇಲ್ಲ. ಎಮ್ಯುಲೇಟರಿನಲ್ಲಿ ಎರಡನೇ ಪೋರ್ಟಿಗೆ ಜ್ಯಾಪರ್ (ಆ ಬಂದೂಕಿನ ಹೆಸರು) ಕೊಟ್ಟು ಮೌಸ್‌ನಲ್ಲಿ ಹೊಡೆಯಬಹುದು. ಹೊಡೆದೆ. ಮೌಸ್‌ನಲ್ಲಿ ಬಾತುಕೋಳಿ ಹೊಡೆಯುವುದು ಆಫೀಸಿನ ಕೆಲಸದ ಹಾಗಿತ್ತು.

ಡಿಸೆಂಬರಿನಲ್ಲಿ ಅಕ್ಕ ಬಂದಳು. ಬಂದ ಸಂಜೆಯೇ ಕಾಂಟ್ರಾ ಹಾಕು ಅಂದಳು. ಮೂವತ್ತು ಲೈಫಿನ ಮಂತ್ರ ಅವಳ ಬೆರಳಲ್ಲೇ ಇತ್ತು: ಮೇಲೆ ಮೇಲೆ, ಕೆಳಗೆ ಕೆಳಗೆ, ಎಡ ಬಲ, ಎಡ ಬಲ, ಬಿ, ಎ. ಮೂರು ಸಲ ಒತ್ತಿದರೂ ಮೂರೇ ಲೈಫ್. ನನ್ನ ಸೆಟ್ಟಿಂಗ್‌ಗೆ ಬೈದಳು. ನೋಡಿದರೆ ಯುಎಸ್‌ಬಿ ರಿಮೋಟಿನಲ್ಲಿ 'ಎ' ಅಂತ ಬರೆದಿರುವ ಕೆಳಗಿನ ಗುಂಡಿಯನ್ನು ರೆಟ್ರೋಆರ್ಚ್ 'ಬಿ' ಅಂತ ಹಿಡಿಯುತ್ತದೆ. ಅಕ್ಷರ ನೋಡಬೇಡ, ಮೊದಲು ಕೆಳಗಿನದು, ಆಮೇಲೆ ಬಲಗಡೆಯದು ಒತ್ತು ಅಂದೆ. ಮೂವತ್ತು ಬಂತು.

ಮೂರನೇ ಲೆವೆಲ್ ಜಲಪಾತ. ಇಬ್ಬರೂ ಒಟ್ಟಿಗೆ ಹತ್ತಬೇಕು. ಒಬ್ಬರು ಬೇಗ ಹತ್ತಿದರೆ ತೆರೆಯೂ ಅವರ ಜೊತೆ ಮೇಲೇರಿ, ಕೆಳಗೆ ಉಳಿದವನು ಸಾಯುತ್ತಾನೆ.

"ಅಕ್ಕಾ, ನಿಧಾನ. ನಿಧಾನ ಹತ್ತೇ!"

ಅವಳು 1998ರಲ್ಲೂ ಕೇಳಿರಲಿಲ್ಲ. ನನ್ನ ಹನ್ನೊಂದು ಲೈಫ್ ಅಲ್ಲೇ ಹೋದವು.